ಕಾವಲುಗಾರ ಎಂಬ ಸಾಲು

ಮಾರ್ಚ್ ೧೪, ಗುರುವಾರ

ಅಂತರ್ಜಾಲದ ವಿಶ್ವಕೋಶದಲ್ಲಿರುವ ರಾಷ್ಟ್ರೀಯ ಉದ್ಯಾನಗಳ ಲೇಖನಗಳಿಗೆಲ್ಲ ಒಂದೇ ತೆರನಾದ ಮಾಹಿತಿ ಚೌಕ ಮಾಡಿ ಮುಗಿಸಿದೆ. ವಿಸ್ತೀರ್ಣ, ಸ್ಥಾಪನೆಯ ವರ್ಷ, ಹತ್ತಿರದ ಊರು. ಬರೀ ಒಂದು ಲೇಖನದ ಚೌಕದಲ್ಲಿ ಮಾತ್ರ ಇರುವ ಸಾಲನ್ನು ಕಿತ್ತುಹಾಕಬೇಕೆಂಬ ನಿಯಮವೂ ನನ್ನದೇ. ‘ಕಾವಲುಗಾರ’ ಎಂಬ ಸಾಲು ಒಂದೇ ಉದ್ಯಾನಕ್ಕಿತ್ತು. ಅದರಲ್ಲಿದ್ದದ್ದು ಅಪ್ಪನ ಹೆಸರು. ಅವರು ತೀರಿಕೊಂಡ ವರ್ಷ ನಾನೇ ಸೇರಿಸಿದ್ದೆ. ಬೆಳಿಗ್ಗೆ ಅಳಿಸಿದೆ. ಅಳಿಸಿ ಮುಂದಿನ ಉದ್ಯಾನಕ್ಕೆ ಹೋದೆ, ದರಿದ್ರದವಳು.

ಸಂಜೆ ಅಮ್ಮನ ಫೋನು. “ಅಪ್ಪನ ಹೆಸರು ಕಾಣ್ತಾನೇ ಇಲ್ವಲ್ಲೇ. ದಿನಾ ಒಂದ್ಸಲ ನೋಡ್ತಿದ್ದೆ.”

“ಎಲ್ಲಾದಕ್ಕೂ ಒಂದೇ ತರ ಇರ್ಬೇಕಮ್ಮಾ.”

“ಉಳಿದ ಕಾಡುಗಳನ್ನ ಯಾರೂ ಕಾಯ್ಲಿಲ್ವೇನೇ?”

ಫೋನಿಟ್ಟು ಮತ್ತೆ ಕಂಪ್ಯೂಟರ್ ತೆರೆದೆ. ಆಗಿನಿಂದ ಹುಡುಕುತ್ತಿದ್ದೇನೆ. ಬೇರೆ ಉದ್ಯಾನದ ಒಬ್ಬ ಕಾವಲುಗಾರನ ಹೆಸರು ಸಿಕ್ಕರೂ ಸಾಕು, ಆ ಸಾಲು ಉಳಿಯುತ್ತದೆ. ಇಷ್ಟು ಹೊತ್ತಿಗೆ ಮೂರು ಕರಡಿಗಳ ಹೆಸರು ಸಿಕ್ಕಿದೆ. ಮನುಷ್ಯರದು ಇನ್ನೂ ಒಂದೂ ಇಲ್ಲ.