ಕಾಡುಕಾಫಿಯ ಕೊಂಬೆ

ರೊಡ್ರಿಗ್ಸ್ ದ್ವೀಪ

ಅರಣ್ಯ ಕಾವಲಿನ ಗಾಸ್ತಾಂ ಸಾಹೇಬರಿಗೆ ಆಂಸೆಲ್ಮನ ನಮಸ್ಕಾರ.

ಕಾಡುಕಾಫಿಯ ಗಿಡಕ್ಕೆ ನೀವು ಹಾಕಿಸಿದ ಬೇಲಿಯನ್ನು ದಾಟಬಲ್ಲವನು ಈ ದ್ವೀಪದಲ್ಲಿ ನಾನೊಬ್ಬನೇ. ಮೊನ್ನೆಯೂ ದಾಟಿದೆ. ಜ್ವರದಲ್ಲಿ ಮಲಗಿದ್ದ ನನ್ನ ಅಕ್ಕ ಫಿಲೋಮೆನ್, "ಅದರ ಕಷಾಯ ಒಂದು ಲೋಟ ಕುಡಿದ್ರೆ ನಾಳೆನೇ ಆಕ್ಟೋಪಸ್ ಹಿಡಿಯೋಕೆ ಹೋಗ್ತೀನಿ ಕಣೋ, ಬಡಾಯಿಗಾರ" ಅಂದಿದ್ದಳು.

ಇಡೀ ದ್ವೀಪಕ್ಕೆ ಉಳಿದಿರುವ ಗಿಡ ಅದೊಂದೇ. ನಮ್ಮಂಥವರೇ ಕಷಾಯಕ್ಕೆಂದು ಮುರಿದು ಮುರಿದು ಅದಕ್ಕೂ ಒಂದೇ ಕೊಂಬೆ ಉಳಿದಿತ್ತು. ತುದಿಯಲ್ಲಿ ಬಿಳಿ ಹೂವು ಬಿಟ್ಟಿತ್ತು. ನನ್ನ ಕೈ ಏಳಲಿಲ್ಲ. ಚಾಕು ಮಡಚಿಕೊಂಡು ಬಂದು, ಮನೆಯಲ್ಲಿ ಸೀಬೆ ಎಲೆ ಕುದಿಸಿ ಕೊಟ್ಟೆ. "ಇದೇ ಕಣೋ ಆ ಒಗರು" ಅನ್ನುತ್ತ ಪೂರ್ತಿ ಕುಡಿದಳು. ಬೆಳಗಾಗುವಷ್ಟರಲ್ಲಿ ತೀರಿಹೋಗಿಬಿಟ್ಟಳು.

ಅವಳ ಮಗಳು ಮಿರೇಯ್ ಮಾರಿಷಸ್‌ನಿಂದ ಹಡಗಿನಲ್ಲಿ ಬರುತ್ತಿದ್ದಾಳೆ. "ಅಮ್ಮಂಗೆ ಆ ಔಷಧಿ ತಂದ್ಕೊಟ್ಯಾ, ಮಾಮ?" ಅಂತಲೇ ಅವಳು ಮೊದಲು ಕೇಳುವುದು. ಕೊಟ್ಟೆ ಅನ್ನುತ್ತೇನೆ. ಆದರೆ ನನ್ನ ಮಾತನ್ನು ಈ ಊರಿನಲ್ಲಿ ಯಾರು ತಾನೇ ನಂಬುತ್ತಾರೆ?

ದಯವಿಟ್ಟು ಶುಕ್ರವಾರ ನಮ್ಮ ಮನೆಗೆ ಬಂದು, ಕೊಂಬೆ ಮುರಿದ ಕಳ್ಳ ಎಂದು ಅವಳೆದುರೇ ನನ್ನನ್ನು ಚೆನ್ನಾಗಿ ಬೈಯಿರಿ. ಬೇಲಿಯ ಹತ್ತಿರ ಮಾತ್ರ ಅವಳನ್ನು ಬಿಡಬೇಡಿ. ನೀವು ಹೇಳಿದರೆ ನಂಬುತ್ತಾಳೆ.

ಇಂತಿ ನಿಮ್ಮ ಕಳ್ಳ,
ಆಂಸೆಲ್ಮ