ಬೆಂಗ್ರೆಯವರು ತಿದ್ದಿದ ನದಿ

ಬೆಂಗ್ರೆ
ಏಪ್ರಿಲ್ ೧೩, ೨೦೨೬, ಸೋಮವಾರ

ಇನ್ನೂ ಪೂರ್ತಿ ಸಿಸ್ಟರ್ ಆಗಿರದ ನನ್ನ ಮೆರ್ಲಿನ್‌ಗೆ,

ಗೆದ್ದೆವು ಮಾರಾಯ್ತಿ! ಮೊದಲು ಅದನ್ನು ಬರೆದುಬಿಡುತ್ತೇನೆ. ಇಲ್ಲದಿದ್ದರೆ ತೊಟ್ಟಿಲಲ್ಲಿ ಪ್ರಾಪ್ತಿ ಎದ್ದಳೆಂದರೆ ಈ ಕಾಗದ ಕ್ಷೇಮಸಮಾಚಾರದಲ್ಲೇ ನಿಂತುಹೋಗುತ್ತದೆ. ನಮ್ಮ ನದಿ ಕಪಾಟು ರದ್ದಿಗೆ ಹೋಗುವುದಿಲ್ಲ. ಒಂದು ಪುಸ್ತಕವೂ ಹೋಗುವುದಿಲ್ಲ.

ರದ್ದಿಗೆ ಹೋಗುವುದರಲ್ಲಿತ್ತು ಅಂತಲೇ ನಿನಗೆ ಗೊತ್ತಿಲ್ಲ ಅಲ್ಲವಾ? ತಪಸ್ಸುಕಾಲದಲ್ಲಿ ನಿಮ್ಮ ಕಾನ್ವೆಂಟಿನಲ್ಲಿ ಕಾಗದ ಕೊಡುವುದಿಲ್ಲ ಎಂದು ನಿನ್ನ ಅಮ್ಮ ಬರ್ನಡೆಟ್ ಬಾಯಿ ಹೇಳಿದ್ದರು. ಈಸ್ಟರ್ ಮುಗಿಯಿತು, ಹಾಗಾಗಿ ಅಷ್ಟೂ ದಿನದ್ದು ಒಟ್ಟಿಗೆ ಬರೆಯುತ್ತಿದ್ದೇನೆ. ನಿಮ್ಮ ಮದರ್ ಮೊದಲು ಓದುವುದಾದರೆ ಓದಲಿ. ಅಕ್ಷರಕ್ಕೆ ಮಾತ್ರ ಬೈಯಬಾರದು, ಎಡಗೈಯಲ್ಲಿ ತೊಟ್ಟಿಲು ತೂಗುತ್ತ ಬರೆಯುತ್ತಿದ್ದೇನೆ. ಮಗುವಿಗೆ ಐದು ತಿಂಗಳು. ಈ ಐದು ತಿಂಗಳಲ್ಲಿ ನಾನು ಒಟ್ಟಿಗೆ ಮೂರು ಗಂಟೆ ಮಲಗಿದ್ದು ಎರಡೇ ಸಲ. ಅವಳು ಮಲಗಿದರೂ ನಾನು ಮಲಗುವುದಿಲ್ಲ. ಮೂಗಿನ ಹತ್ತಿರ ಬೆರಳು ಹಿಡಿದು ಉಸಿರು ನೋಡುತ್ತಾ ಕೂರುತ್ತೇನೆ.

ಫೆಬ್ರವರಿ ಕೊನೆಗೆ ಹೊಳೆಯಾಚೆ ಪೇಟೆಯ ನಮ್ಮ ಲೈಬ್ರರಿಯ ವಾಟ್ಸಾಪ್ ಗ್ರೂಪಿನಲ್ಲಿ ನಮ್ಮ ಕಾರ್ಯದರ್ಶಿ ಶಶಿಪ್ರಭಾ ಮೇಡಂ ಒಂದು ಮೆಸೇಜ್ ಹಾಕಿದರು. ನಾನು ಹೆರಿಗೆ ರಜೆಯಲ್ಲಿದ್ದೆ. ಮೂರು ವರ್ಷದಲ್ಲಿ ನದಿ ಕಪಾಟಿನಿಂದ ಹೊರಗೆ ಹೋದದ್ದು ನಾಲ್ಕೇ ಪುಸ್ತಕ, ಆದ್ದರಿಂದ ಕಪಾಟನ್ನು ಖಾಲಿ ಮಾಡಿ ಸ್ಪರ್ಧಾತ್ಮಕ ಪರೀಕ್ಷೆಯ ಗೈಡುಗಳಿಗೆ ಜಾಗ ಮಾಡುವುದು ಅಂತ. ಆ ನಾಲ್ಕರಲ್ಲಿ ಮೂರು ನೀನೇ ತೆಗೆದುಕೊಂಡದ್ದು.

ನೂರ ನಲವತ್ತಾರು ಪುಸ್ತಕ, ಮೆರ್ಲಿನ್. ಸರ್ವೋತ್ತಮ ಸರ್ ನಮ್ಮ ಕಾಲೇಜಿನಿಂದ ನಿವೃತ್ತರಾದಾಗ ಮನೆಯ ಅಟ್ಟ ಖಾಲಿ ಮಾಡಿ ಕೊಟ್ಟದ್ದು, ನಾವಿಬ್ಬರು ಬಿ.ಎಸ್ಸಿ. ಕೊನೆಯ ವರ್ಷದಲ್ಲಿ ಕೂತು ಒಂದೊಂದಕ್ಕೂ ಕಾರ್ಡ್ ಬರೆದದ್ದು. ನೆರೆಯ ಪುಸ್ತಕ, ಮೀನಿನ ಪುಸ್ತಕ, ಹೊಳೆಬದಿಯ ದೈವಗಳ ಪುಸ್ತಕ, ನದಿ ದಾಟುವವರ ಹಾಡಿನ ಪುಸ್ತಕ. ಧೂಳಿಗೆ ನೀನು ಸೀನಿ ಸೀನಿ ಒಂದು ಕಾರ್ಡಿನಲ್ಲಿ ನೇತ್ರಾವತಿಯನ್ನು ಎರಡು ಸಲ ಬರೆದಿದ್ದೆ. ಆ ಕಾರ್ಡ್ ಇನ್ನೂ ಹಾಗೆಯೇ ಉಂಟು.

ಕೂಡಲೇ ಫೋನ್ ಮಾಡಿದೆ. ನಿರೀಕ್ಷಾ, ನೀನು ಬಾಣಂತಿ, ಮೊದಲು ನಿದ್ದೆ ಮಾಡು ಅಂದರು ಮೇಡಂ. ನದಿ ನೋಡಬೇಕಾದವರು ಸೇತುವೆ ದಾಟುವ ತೊಕ್ಕೊಟ್ಟಿನ ಬಸ್ಸು ಹತ್ತಿ ಕಿಟಕಿ ಬದಿಯಲ್ಲಿ ಕೂತರೆ ಆಯಿತು, ಅದಕ್ಕೆ ಪುಸ್ತಕ ಎಂತಕ್ಕೆ ಅಂದರು. ಓದುವವರು ಇದ್ದಾರೆ ಮೇಡಂ ಅಂದೆ. ಇದ್ದರೆ ತೋರಿಸು, ಏಪ್ರಿಲ್ ಹನ್ನೊಂದಕ್ಕೆ ಮೀಟಿಂಗ್, ಅಷ್ಟರೊಳಗೆ ಇನ್ನೂರು ಸಲ ಪುಸ್ತಕ ಹೊರಗೆ ಹೋಗಲಿ, ಕಪಾಟು ನಿನ್ನದು ಅಂದರು. ತಮಾಷೆಗೆ ಹೇಳಿದ್ದು. ಆದರೆ ನಿದ್ದೆ ಇಲ್ಲದವರಿಗೆ ತಮಾಷೆ ತಿಳಿಯುವುದಿಲ್ಲ.

ಮೂರು ಸಲ ಆಟೋ ಮಾಡಿ, ಮಗುವನ್ನು ಎತ್ತಿಕೊಂಡು ಹೋಗಿ, ಪುಸ್ತಕಗಳನ್ನೆಲ್ಲ ಬೆಂಗ್ರೆಗೆ ತಂದೆ. ಕೂಳೂರು ಸೇತುವೆಯ ಮೇಲೆ ಸುತ್ತು ಹಾಕಿ. ಹತ್ತು ನಿಮಿಷದ ಫೆರಿ ಇರುವಾಗ ಮುಕ್ಕಾಲು ಗಂಟೆಯ ದಾರಿ. ಹೊಳೆಯ ಗಾಳಿ ಮಗುವಿಗೆ ಆಗುವುದಿಲ್ಲ ಅಂತ ಅತ್ತೆಗೆ ಹೇಳಿದೆ. ಅತ್ತೆ ಮಗುವಿನ ಟೊಪ್ಪಿಯ ದಾರ ಬಿಗಿದು ಕಟ್ಟಿದರು.

ನಳಿನಾಕ್ಷಿ ಅತ್ತೆಯನ್ನು ನೀನು ಮದುವೆಯಲ್ಲಿ ನೋಡಿದ್ದಿ. ಅವರ ಚಾದ ಅಂಗಡಿ ಇರುವುದು ಫೆರಿ ಹತ್ತಿ ಇಳಿಯುವ ಕಡವಿನಲ್ಲೇ. ಪೇಟೆಗೆ ಹೋಗುವವರೆಲ್ಲ ಅದರ ಎದುರಿನಿಂದಲೇ ಹೋಗಬೇಕು. ಪುಸ್ತಕ ಇಲ್ಲಿ ಇಟ್ಟರೆ ಬನ್ಸ್ ನನ್ನ ತಲೆಯ ಮೇಲೆ ಇಡುವುದಾ ಅಂತ ಕೇಳಿದರು, ಕೇಳಿ ಮುಗಿಯುವಷ್ಟರಲ್ಲಿ ತಾವೇ ಬ್ರೆಡ್ಡಿನ ಕ್ರೇಟುಗಳನ್ನು ತಿರುಗಿಸಿ ಜೋಡಿಸಿ ಕೊಟ್ಟರು. ಹೆಸರು, ತಾರೀಕು ಬರೆಯಲಿಕ್ಕೆ ಪ್ರತಿ ಪುಸ್ತಕಕ್ಕೂ ಚೀಟಿ ಅಂಟಿಸಿದೆ. ಮೊಳೆಯಿಂದ ಒಂದು ದಾರ ಇಳಿಬಿಟ್ಟು ಪೆನ್ಸಿಲ್ ಕಟ್ಟಿದೆ.

ಎಡವಟ್ಟಾದದ್ದು ಆ ಪೆನ್ಸಿಲಿನಿಂದ.

ಅತ್ತೆಯ ಅಂಗಡಿಯಲ್ಲಿ ನಾನು ಸೊಸೆಯಾಗಿ ಬರುವ ಮೊದಲಿನಿಂದಲೂ ದಾರದ ಪೆನ್ಸಿಲ್ ಕಟ್ಟಿದ ಒಂದು ಪುಸ್ತಕ ನೇತಾಡುತ್ತಿತ್ತು. ಅಳಿವೆ ಪುಸ್ತಕ. ನಮ್ಮ ನೇತ್ರಾವತಿ, ಫಲ್ಗುಣಿ ಎರಡೂ ಕಡಲಿಗೆ ಇಳಿಯುವ ಬಾಯಿ ಇದೆಯಲ್ಲ, ಅಳಿವೆ, ಅಲ್ಲಿಗೆ ಹೋಗಿ ಬಂದ ದೋಣಿಯವರು ಚಾ ಕುಡಿಯುತ್ತಾ ಎರಡು ಸಾಲು ಬರೆದಿಡುತ್ತಾರೆ. ಎಲ್ಲಿ ಮರಳು ಏರಿತು, ಎಲ್ಲಿ ಮರದ ದಿಮ್ಮಿ ಮುಳುಗಿದೆ, ಎಲ್ಲಿ ಬಲೆ ಹರಿಯಿತು. ಮಾರನೆಯ ದಿನ ಹೋಗುವವರು ಅದನ್ನು ಓದಿ ಹೋಗುತ್ತಾರೆ. ದಿನಾ ನೋಡಿದ್ದೆ, ಒಮ್ಮೆಯೂ ತೆರೆದಿರಲಿಲ್ಲ. ಬೆಂಗ್ರೆಯಲ್ಲಿ ದಾರಕ್ಕೆ ಕಟ್ಟಿದ ಪೆನ್ಸಿಲ್ ಕಂಡರೆ ಜನ ತಾವು ನೋಡಿದ್ದನ್ನು ಬರೆಯುತ್ತಾರೆ ಎಂದು ನನಗೆ ಹೇಗೆ ಗೊತ್ತಾಗಬೇಕು?

ಮೊದಲ ವಾರ ಹನ್ನೊಂದು ಪುಸ್ತಕ ಹೋಯಿತು. ಮೊದಲು ಹಿಂದೆ ಬಂದದ್ದು ತುಕ್ರಜ್ಜ ತೆಗೆದುಕೊಂಡು ಹೋದ ನಕ್ಷೆಗಳ ಪುಸ್ತಕ. ಐವತ್ತು ವರ್ಷ ದೋಣಿಯಲ್ಲಿ ಕಳೆದವರು, ಈಗ ಫೆರಿಯಲ್ಲಿ ಹಗ್ಗ ಹಿಡಿಯುತ್ತಾರೆ. ಎರಡು ನದಿ ಸೇರುವ ಚಿತ್ರದ ಬದಿಯಲ್ಲಿ ಒತ್ತಿ ಒತ್ತಿ ಬರೆದಿದ್ದರು: “ಇದು ತಪ್ಪು. ಸೇರುವ ಜಾಗ ಹೀಗೆ ಒಂದೇ ಕಡೆ ನಿಲ್ಲುವುದಿಲ್ಲ. ಮಳೆಗಾಲದಲ್ಲಿ ಎರಡು ಬಣ್ಣದ ನೀರಿನ ನಡುವೆ ಗೆರೆ ಕಾಣುತ್ತದೆ. ಗೆರೆ ದಿನಾ ಸರಿಯುತ್ತದೆ. ಈ ಪುಸ್ತಕದವರು ಮಳೆಗಾಲದಲ್ಲಿ ಬಂದಿಲ್ಲ.”

ಪುಸ್ತಕದಲ್ಲಿ ಒಂದು ಗೆರೆ ಎಳೆದರೂ ಅದು ಹಾಳಾದ ಪುಸ್ತಕ, ಹೊರಗೆ ಕೊಟ್ಟವಳೇ ಜವಾಬ್ದಾರಿ. ಅದು ನಮ್ಮ ಲೈಬ್ರರಿಯ ರೂಲು. ಮೇಲಾಗಿ ಪುಸ್ತಕ ಬೆಂಗ್ರೆಗೆ ತರಲಿಕ್ಕೆ ನಾನು ಕೇಳಿದ್ದು ಸರ್ವೋತ್ತಮ ಸರ್ ಹತ್ತಿರ ಮಾತ್ರ. ಕಮಿಟಿಗೆ ಹೇಳಿರಲೇ ಇಲ್ಲ. ಕಪಾಟು ಹೋಗುವ ಮೊದಲು ನನ್ನ ಕೆಲಸವೇ ಹೋಗುತ್ತದೆ ಅನ್ನಿಸಿತು. ಆ ವಾರ ಹಿಂದೆ ಬಂದ ಒಂಬತ್ತರಲ್ಲಿ ಏಳು ಪುಸ್ತಕದಲ್ಲಿ ಬರಹ. ಮಗು ಮಲಗಿದ್ದಾಗ ರಬ್ಬರ್ ಹಿಡಿದು ಕೂತೆ. ತುಕ್ರಜ್ಜನದ್ದನ್ನು ಉಜ್ಜಿ ಉಜ್ಜಿ ತೆಗೆದೆ. ಇನ್ನೊಂದನ್ನೂ ತೆಗೆದೆ.

(ಇಲ್ಲಿ ನಿಲ್ಲಿಸಿದ್ದೆ. ಎದ್ದಳು. ಈಗ ಒಂದೂವರೆ ಗಂಟೆ ಕಳೆದಿದೆ.)

ಮರುದಿನ ಬಾಗಿ ಅಕ್ಕ ಬಂದರು. ಇಳಿತದ ಹೊತ್ತಿಗೆ ಹೊಳೆಗಿಳಿದು ಮರಳಿನಿಂದ ಮರುವಾಯಿ ಚಿಪ್ಪು ಹೆಕ್ಕುವವರು. ಚಿಪ್ಪಿನ ಬುಟ್ಟಿ ಕೆಳಗಿಟ್ಟು, ತುಕ್ರಣ್ಣ ಬರೆದ ಪುಸ್ತಕ ಕೊಡು, ಅವರು ಎಂತ ಬರೆದಿದ್ದಾರೆ ನೋಡಬೇಕು ಅಂದರು. ಪುಟ ತೆರೆದರೆ ಖಾಲಿ. ಅಲ್ಲಿದ್ದವರೆಲ್ಲ ಕೇಳುವ ಹಾಗೆ ನನಗೆ ಬೈದರು ಮಾರಾಯ್ತಿ. ಕಾಲೇಜು ಕಲಿತವಳು ನೀನು, ಬರೆದದ್ದನ್ನು ಅಳಿಸುತ್ತಾರಾ ಯಾರಾದರೂ? ಅವ ಹೇಳಿದ್ದು ತಪ್ಪಾದರೆ ಕೆಳಗೆ ತಾರೀಕು ಹಾಕಿ ನಿನ್ನದು ಬರಿ. ಅಳಿಸಿದರೆ ಹಿಂದೆ ಬರುವವನ ದೋಣಿ ಮಗುಚುತ್ತದೆ, ಅಷ್ಟೂ ಗೊತ್ತಿಲ್ಲವಾ? ಅತ್ತೆ ಬನ್ಸ್ ಕರಿಯುತ್ತಾ, ಅವಳಿಗೆ ನಿದ್ದೆ ಇಲ್ಲ ಬಾಗಿ, ಬಿಡು ಅಂದರು. ನಿದ್ದೆ ಇಲ್ಲದವರ ಕೈಗೆ ರಬ್ಬರ್ ಯಾಕೆ ಕೊಟ್ಟದ್ದು ನಳಿನಕ್ಕ ಅಂತ ಅತ್ತೆಗೂ ಸಿಕ್ಕಿತು.

ಆಮೇಲೆ ಮೀನಿನ ಪುಸ್ತಕ ತೆಗೆಸಿ, ನನ್ನ ಕೈ ಒದ್ದೆ, ನೀನೇ ಬರಿ ಅಂತ ನನ್ನನ್ನು ಕೂರಿಸಿದರು. ಮರುವಾಯಿ ವರ್ಷವಿಡೀ ಸಿಗುತ್ತದೆ ಎಂದು ಅಚ್ಚಾಗಿತ್ತು. ಬಾಗಿ ಅಕ್ಕ ಹೇಳಿದ್ದನ್ನು ಹಾಗೆಯೇ ಬರೆದೆ: “ವರ್ಷವಿಡೀ ತೆಗೆದರೆ ಬರುವ ವರ್ಷಕ್ಕೆ ಖಾಲಿ ಚಿಪ್ಪು. ಬೆರಳಿನ ಉಗುರಿಗಿಂತ ಸಣ್ಣದನ್ನು ಮರಳಿಗೇ ಬಿಡಬೇಕು.” ನದಿಯನ್ನು ತಾಯಿ ಎಂದು ಪೂಜಿಸುತ್ತಾರೆ ಎಂಬ ಸಾಲನ್ನು ಇನ್ನೊಂದು ಪುಸ್ತಕದಲ್ಲಿ ಓದಿ ಹೇಳಿದಾಗ, “ತಾಯಿ ಅಂದ ಕೂಡಲೇ ಆಯಿತಾ? ತಾಯಿಯ ಮೇಲೆ ಚರಂಡಿ ಬಿಡುತ್ತಾರಾ?” ಎಂದು ಅದನ್ನೂ ಬರೆಸಿದರು. ತಾರೀಕು ಹಾಕಿಸಿದರು. ತುಕ್ರಜ್ಜನ ಮಾತನ್ನು ಅವರ ಬಾಯಿಂದಲೇ ಕೇಳಿ ನಾನು ಪುನಃ ಬರೆದೆ.

ಅಲ್ಲಿಂದ ನೋಡು! ಜನ ಪುಸ್ತಕ ಓದಲಿಕ್ಕೆ ತೆಗೆದುಕೊಂಡು ಹೋಗುತ್ತಿದ್ದರೋ ಬದಿಯ ಬರಹ ಓದಲಿಕ್ಕೋ, ದೇವರಿಗೇ ಗೊತ್ತು. ತುಕ್ರಜ್ಜನ ಕೆಳಗೆ ಯಾರೋ “ಇವರು ಹೋದ ಮಳೆಗಾಲದಲ್ಲಿ ಜ್ವರ ಬಂದು ಮಲಗಿದ್ದರು, ಗೆರೆ ನೋಡಿದ್ದು ಹೇಗೆ?” ಎಂದು ಬರೆದರು. ಅಜ್ಜ ಅದೇ ಸಂಜೆ ಪುಸ್ತಕವನ್ನು ಪುನಃ ತೆಗೆದುಕೊಂಡು ಹೋಗಿ ಉತ್ತರ ಬರೆದು ತಂದರು. ಅದಕ್ಕೆ ಉತ್ತರ ಕೊಡಲಿಕ್ಕೆ ಮತ್ತೊಬ್ಬರು. ಮೀನಿನ ದೋಣಿ ನಿಲ್ಲುವ ಧಕ್ಕೆಯಲ್ಲಿ ಕೆಲಸ ಮಾಡುವವರು, ಪೇಟೆಗೆ ಹೋಗುವ ಕಾಲೇಜಿನ ಮಕ್ಕಳು, ಎಲ್ಲರೂ ಫೆರಿಯಲ್ಲಿ ಕೂತು ಓದುವುದು, ವಾದ ಮಾಡುವುದು. ಮೀಟಿಂಗಿಗೆ ಎರಡು ದಿನ ಇರುವಾಗ ಚೀಟಿಗಳಲ್ಲಿನ ಹೆಸರುಗಳನ್ನು ಲೆಕ್ಕ ಮಾಡಿದೆ. ಇನ್ನೂರ ನಾಲ್ಕು.

ಎಪ್ಪತ್ತು ಪುಸ್ತಕಗಳಲ್ಲಿ ಪೆನ್ಸಿಲ್ ಬರಹವೂ ಇತ್ತು ಅನ್ನು.

ಮೊನ್ನೆ ಶನಿವಾರ ಹನ್ನೊಂದು ಗಂಟೆಗೆ ಮೀಟಿಂಗ್. ಹತ್ತಕ್ಕೆ ಆಟೋದವನ ಫೋನ್ ಬಂತು. ಕೂಳೂರಿನಲ್ಲಿ ಲಾರಿ ಕೆಟ್ಟು ನಿಂತಿದೆ, ಮಧ್ಯಾಹ್ನದ ಮೊದಲು ಆಗುವುದಿಲ್ಲ ಅಕ್ಕ ಅಂದ. ಇನ್ನು ಫೆರಿಯೊಂದೇ.

ಮೆರ್ಲಿನ್, ಗಾಳಿಯ ಮಾತು ಸುಳ್ಳು. ಹೆತ್ತ ಮೇಲೆ ನಾನು ಹೊಳೆ ದಾಟಿರಲಿಲ್ಲ. ಏಳು ತಿಂಗಳ ಹೊಟ್ಟೆ ಹೊತ್ತು ದಿನಾ ಫೆರಿಯಲ್ಲಿ ಲೈಬ್ರರಿಗೆ ಹೋಗುತ್ತಿದ್ದವಳು ನಾನು. ಅತ್ತಾವರದ ಆಸ್ಪತ್ರೆಯಿಂದ ಮಗುವನ್ನು ತಂದ ದಿನವೇ ಆಟೋ ಬೇಕು ಎಂದು ಹಟ ಮಾಡಿದ್ದೆ. ನೀರು ಕಂಡರೆ ಸಾಕು, ಮಗು ನನ್ನ ಕೈಯಿಂದ ಜಾರುವುದು ಕಾಣುತ್ತಿತ್ತು. ಒಂದು ಸಲ ಅಲ್ಲ, ಮತ್ತೆ ಮತ್ತೆ. ಮಸ್ಕತ್ತಿನಿಂದ ಮಗುವಿನ ಅಪ್ಪ ಜಿತೇಶ್ ದಿನಾ ವಿಡಿಯೊ ಕಾಲ್ ಮಾಡುತ್ತಾನೆ, ಅವನಿಗೂ ಹೇಳಲಿಲ್ಲ. ನದಿ ಪುಸ್ತಕ ಉಳಿಸಲಿಕ್ಕೆ ಹೊರಟವಳಿಗೆ ನದಿಯೇ ಹೆದರಿಕೆ ಅಂದರೆ ಯಾರಾದರೂ ನಗುವುದಿಲ್ಲವಾ?

ಮಗುವನ್ನು ನನ್ನ ಹತ್ತಿರ ಬಿಟ್ಟು ಹೋಗು ಅಂದರು ಅತ್ತೆ. ಅವಳು ಬಾಟಲಿ ಮುಟ್ಟುವುದಿಲ್ಲ, ಅಳುತ್ತಾಳೆ ಅಂದೆ. ಹಾಗಾದರೆ ಕರೆದುಕೊಂಡು ಹೋಗು ಅಂದರು, ಪೇಟೆಯಿಂದ ತೊಗರಿಬೇಳೆ ತಾ ಅನ್ನುವಷ್ಟೇ ಸಾಧಾರಣವಾಗಿ. ಎರಡು ಕ್ರೇಟು ಪುಸ್ತಕ ಬೇರೆಯವರು ಹತ್ತಿಸಿದರು. ತುಕ್ರಜ್ಜ ಕೈ ಚಾಚಿದರು. ಮಗುವನ್ನು ಕೊಡಲಿಲ್ಲ, ಎದೆಗೆ ಸೀರೆಯ ತುಂಡಿನಿಂದ ಕಟ್ಟಿಕೊಂಡು, ಅವರ ಕೈ ಹಿಡಿದು ಹತ್ತಿದೆ. ಇಂಜಿನ್ ಶುರುವಾದಾಗ ಕಣ್ಣು ಮುಚ್ಚಿದೆ. ನಡುಹೊಳೆಯಲ್ಲಿ ಎದೆಯ ಮೇಲೆ ಏನೋ ಭಾರವಾಯಿತು. ಕಣ್ಣು ಬಿಟ್ಟು ನೋಡಿದರೆ ಪ್ರಾಪ್ತಿ ನಿದ್ದೆ! ಡೀಸೆಲ್ ವಾಸನೆ, ಇಂಜಿನ್ನಿನ ಗಡಗಡ, ಅವಳು ಬಾಯಿ ತೆರೆದು ಮಲಗಿದ್ದಾಳೆ. ನನಗೆ ನಗು ಬಂತು. ಆಮೇಲೆ ನೀರು ನೋಡಿದೆ. ಎಷ್ಟು ಚಂದ ಉಂಟು ಮೆರ್ಲಿನ್ ನಮ್ಮ ಫಲ್ಗುಣಿ, ನಾನು ಮರೆತೇಬಿಟ್ಟಿದ್ದೆ.

ಮೀಟಿಂಗಿನಲ್ಲಿ ಮೇಡಂ ಚೀಟಿಗಳಲ್ಲಿನ ಹೆಸರುಗಳನ್ನು ಎರಡು ಸಲ ಎಣಿಸಿದರು. ಸರಿ ಉಂಟು ಅಂದರು. ನಂತರ ಒಂದು ಪುಸ್ತಕ ತೆರೆದರು. ಇನ್ನೊಂದು ತೆರೆದರು. ಮುಖ ಕೆಂಪಗಾಯಿತು. ಇಷ್ಟು ಪುಸ್ತಕ ಹಾಳು ಮಾಡಿ ತಂದಿದ್ದೀಯಲ್ಲ, ನಿನಗೆ ಕಪಾಟು ಕೊಡುವುದಾ, ಮನೆಗೆ ಕಳಿಸುವುದಾ ಅಂತ ಕೇಳಿದರು. ಹೊಳೆ ದಾಟಿ ಬಂದವಳಿಗೆ ಅದು ದೊಡ್ಡ ಹೆದರಿಕೆ ಅನ್ನಿಸಲಿಲ್ಲ. ಮಗುವನ್ನು ಹೆಗಲಿಗೆ ಹಾಕಿಕೊಂಡು ನಿಂತೇ ಹೇಳಿದೆ. ಇದು ಹಾಳಲ್ಲ ಮೇಡಂ, ಹೋಗಿ ನೋಡಿ ಬಂದವರು ಹಿಂದೆ ಬರುವವರಿಗೆ ಬರೆದಿಟ್ಟದ್ದು. ಎರಡನ್ನು ನಾನೇ ಅಳಿಸಿದೆ, ಮಾಡಿದ ತಪ್ಪು ಅದೊಂದೇ ಅಂದೆ.

ಆಗ ಮೀಟಿಂಗಿಗೆ ಬಂದಿದ್ದ ಸರ್ವೋತ್ತಮ ಸರ್ ನೆರೆಯ ಪುಸ್ತಕ ಎತ್ತಿಕೊಂಡು ಬದಿಯ ಬರಹವೊಂದನ್ನು ಜೋರಾಗಿ ಓದಿದರು. ದೊಡ್ಡ ನೆರೆಯ ವರ್ಷ ನೇತ್ರಾವತಿಯಲ್ಲಿ ಕಡಲು ಮೊದಲು ನೀರನ್ನು ಹಿಂದಕ್ಕೆ ಒತ್ತಿತು, ಘಟ್ಟದ ನೀರು ಬಂದದ್ದು ಆಮೇಲೆ ಅಂತ. ಅಲ್ಲ ಅಲ್ಲ, ಯಾರು ಬರೆದದ್ದು ಅದು ಅಂತ ಮೇಡಂ ಎದ್ದೇ ನಿಂತರು. ನಮ್ಮ ತಾಯಿ ಮನೆ ಹೊಳೆಬದಿಯಲ್ಲೇ ಇದ್ದದ್ದು, ನೀರು ಮೊದಲು ಬಾವಿಯೊಳಗಿಂದ ಎದ್ದು ಬಂತು, ಅಜ್ಜಿ ಹಗ್ಗ ಇಲ್ಲದೆ ಕೈಯಲ್ಲೇ ಕೊಡಪಾನ ಮುಳುಗಿಸಿದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ ಅಂದರು. ಸರ್ ಪುಸ್ತಕವನ್ನು ಅವರ ಕಡೆ ತಿರುಗಿಸಿ ಪೆನ್ಸಿಲ್ ಇಟ್ಟರು. ಕೆಳಗೆ ಬರೆಯಿರಿ, ತಾರೀಕು ಹಾಕಿ ಅಂದರು.

ಮೇಡಂ ನಮ್ಮನ್ನೆಲ್ಲ ಒಮ್ಮೆ ನೋಡಿದರು. ಕೂತರು. ಹನ್ನೆರಡು ಸಾಲು ಬರೆದರು! ಬರೆದು ಮುಗಿಸಿ ಕನ್ನಡಕ ಒರೆಸಿಕೊಂಡರು. ಇನ್ನು ಆ ಪುಸ್ತಕವನ್ನು ಹಾಳಾದದ್ದು ಎಂದು ರದ್ದಿಗೆ ಹಾಕುವ ಧೈರ್ಯ ಯಾರಿಗುಂಟು?

ಕಪಾಟು ಅಲ್ಲೇ ಇರುತ್ತದೆ. ಅರ್ಧ ಪುಸ್ತಕ ಅತ್ತೆಯ ಅಂಗಡಿಯಲ್ಲಿ, ಅರ್ಧ ಪೇಟೆಯಲ್ಲಿ, ತಿಂಗಳಿಗೊಮ್ಮೆ ಅದಲುಬದಲು. ಗೈಡುಗಳಿಗೆ ಮೆಟ್ಟಿಲ ಹತ್ತಿರ ಜಾಗ ಸಿಕ್ಕಿತು. ಬದಿಯ ಬರಹಗಳನ್ನೆಲ್ಲ ಒಟ್ಟು ಮಾಡಿ ಹೊಸ ಪುಸ್ತಕ ತರುವುದೆಂದು ಕಮಿಟಿ ಒಪ್ಪಿತು. ಸಂಗ್ರಹಿಸುವವಳು ನಾನು. ಮೆರ್ಲಿನ್ ಮತ್ತು ನಿರೀಕ್ಷಾ ಎಂದು ಹಾಕಬಹುದಾ, ಮದರ್ ಹತ್ತಿರ ಕೇಳಿ ಬರಿ. ಅವರೇ ಈ ಕಾಗದ ಓದುತ್ತಿದ್ದರೆ, ಮದರ್, ದಯವಿಟ್ಟು ಇಲ್ಲ ಅನ್ನಬೇಡಿ.

ತೊಟ್ಟಿಲು ಸದ್ದಾಗುತ್ತಿದೆ. ನೀನು ಪ್ರಾರ್ಥಿಸುವಾಗ ನನ್ನ ನಿದ್ದೆಗೂ ಒಂದು ಮಾತು ಸೇರಿಸು.

ನಿನ್ನ,
ಹೊಳೆ ದಾಟಿದ
ನಿರೀಕ್ಷಾ

ತಾ.ಕ.: ಕಾಗದ ಮಡಚಿದ್ದೆ, ಪುನಃ ಬಿಡಿಸಿದೆ. ಸಂಗ್ರಹಕ್ಕೆಂದು ಈಗ ಹಾಡಿನ ಪುಸ್ತಕ ತೆರೆದರೆ ಕೊನೆಯ ಖಾಲಿ ಪುಟದಲ್ಲಿ ಅತ್ತೆಯ ಅಕ್ಷರ. ಕಡವಿನವರೆಲ್ಲ ಓದಿದ್ದಾರೆ, ನಾನೊಬ್ಬಳೇ ಓದಿರಲಿಲ್ಲ. ಇದ್ದ ಹಾಗೆಯೇ ಕೆಳಗೆ ಇಳಿಸಿದ್ದೇನೆ.

“ಮಾರ್ಚ್ ೨. ನನ್ನ ಸೊಸೆ ಹೆತ್ತ ಮೇಲೆ ಹೊಳೆ ದಾಟಿಲ್ಲ. ಹೆದರಿಕೆ. ಯಾರೂ ಕೇಳಬೇಡಿ, ನಗಬೇಡಿ. ಅವಳಾಗಿ ದಾಟುತ್ತಾಳೆ. ನಳಿನಾಕ್ಷಿ.”
“ಮಾರ್ಚ್ ೧೪. ಬೈದೆ, ಆದರೆ ಹೊಳೆ ಯಾಕೆ ದಾಟುವುದಿಲ್ಲ ಎಂದು ಕೇಳಲಿಲ್ಲ. ಬಾಗಿ.”
“ಮಾರ್ಚ್ ೨೭. ಮಗುವನ್ನು ಎತ್ತಿಕೊಂಡು ನೀರಿನವರೆಗೆ ಬಂದು ಹಿಂದೆ ಹೋದಳು. ನಾವು ಬೇರೆ ಕಡೆ ನೋಡಿದೆವು.”
“ಏಪ್ರಿಲ್ ೧೧. ದಾಟಿದಳು. ನೀರು ಶಾಂತ. ಮಗು ನಿದ್ದೆ. ತುಕ್ರ.”