ಪರದೆ ಗಾಡಿಯ ಈರಮ್ಮ

ಫೆಬ್ರವರಿ ೫, ೧೯೩೪. ಸೋಮವಾರ, ಬೆಳಿಗ್ಗೆ

"ಹರಸೂ ಬಾಯಿಗೆ ಹಸಿವಿಲ್ಲ" ಎಂದೋ, "ಹರಸೂ ಬಾಯಿಗೆ ಹಸಿವ್ಯಾಕ" ಎಂದೋ? ಭಾಲ್ಕಿಯಲ್ಲಿ ಅಜ್ಜಿ ತೊಟ್ಟಿಲು ತೂಗುತ್ತ ಹಾಡುತ್ತಿದ್ದ ಸಾಲು. ಎದ್ದಾಗಿನಿಂದ ತಲೆಯಲ್ಲಿ ಸುತ್ತುತ್ತಿದೆ. ಮುಂದಿನ ಸಾಲು ನೆನಪಿಲ್ಲ. ಮೊದಲನೆಯದು ಸಮಾಧಾನ, ಎರಡನೆಯದು ಜಗಳ. ಅಜ್ಜಿ ಜಗಳಗಂಟಿ ಅಲ್ಲ. ಆದರೂ...

ಇಂದೂ ಗಾಡಿ ಅರ್ಧ ಖಾಲಿ. ನಮ್ಮ ಹೆಣ್ಣುಮಕ್ಕಳ ಶಾಲೆಯ ಪರದೆ ಗಾಡಿಗೆ ಎತ್ತುಗಳಿವೆ, ಹೊಸ ಪರದೆ ಇದೆ, ಗಾಡಿ ಹೊಡೆಯಲು ಅಬ್ದುಲ ವಾಹೀದ ಇದ್ದಾನೆ. ಮನೆಮನೆಯ ಬಾಗಿಲಿಗೆ ಹೋಗಿ ಹುಡುಗಿಯರನ್ನು ಕರೆತರುವವರು ಮಾತ್ರ ಇಲ್ಲ. ಆ ಕೆಲಸ ಮಾಡುತ್ತಿದ್ದ ಗುಂಡಮ್ಮ ಕಣ್ಣು ಕಾಣದೆ ಮಗಳ ಊರಿಗೆ ಹೋದಳು. ವಾಹೀದ ಗಂಡಸು, ಹೆಂಗಸರಿರುವ ಜನಾನಾ ಬಾಗಿಲಲ್ಲಿ ಕರೆಯುವಂತಿಲ್ಲ. ಗಾಡಿ ನಿಲ್ಲಿಸಿ ಕೆಮ್ಮುತ್ತಾನೆ. ಕೆಮ್ಮಿಗೆ ಯಾರು ಮಗಳನ್ನು ಕಳಿಸುತ್ತಾರೆ? ಹೆಂಗಸರನ್ನು ಕೇಳಿದರೆ ಬಜಾರಿನಲ್ಲಿ ಗಾಡಿಯ ಮುಂದೆ ನಡೆಯಲು ಒಲ್ಲೆ ಎನ್ನುತ್ತಾರೆ.

ಮುಂಬಯಿಗೆ ಹೋಗಿ ಎಂ.ಎ. ಮಾಡಿ ಬಂದ ಮುಖ್ಯೋಪಾಧ್ಯಾಯಿನಿಗೆ ಬೀದರಿನಲ್ಲಿ ಕೆಮ್ಮಿನ ಚಿಂತೆ.

ಫೆಬ್ರವರಿ ೯, ಶುಕ್ರವಾರ

ಇಲ್ಲಿಯ ವಾರದ ರಜೆ. ಜೋಳ ಕೇಳಲು ಈರಮ್ಮ ಬಂದಿದ್ದಳು. ನೌಬಾದಿನ ಆಚೆ ಇರುತ್ತಾಳೆ. ಹುಟ್ಟಿದ್ದು ಸಂತಪುರದಲ್ಲಿ, ಈರಪ್ಪನಾಗಿ. ಹದಿನೈದರ ವಯಸ್ಸಿಗೆ ಮನೆ ಬಿಟ್ಟು ಭಾಲ್ಕಿಯ ಅಕ್ತರಬೀ ಎಂಬ, ತನ್ನಂಥವರ ಗುರುವಿನ ಬಳಿ ಸೇರಿದಳಂತೆ. ಈಗ ನಲವತ್ತರ ಮೇಲೆ. ಕೂಸು ಹುಟ್ಟಿದ ಮನೆಯಲ್ಲಿ ಹಾಡಿ ಹರಸುವುದು ಕೆಲಸ. ಗಂಡಾಗಿ ಹುಟ್ಟಿದವರು ಬೀದಿಯಲ್ಲಿ ಹೆಣ್ಣುಡುಗೆ ಉಟ್ಟು ಹಾಡಿದರೆ ಹಿಡಿಯಬಹುದೆಂದು ಸರ್ಕಾರ ಕಾನೂನು ಮಾಡಿ ಹದಿನೈದು ವರ್ಷವಾಯಿತು. ಸೀರೆಯನ್ನಷ್ಟೇ ಉಟ್ಟರೆ ಪೊಲೀಸರು ನೋಡಿಯೂ ನೋಡದಂತಿರುತ್ತಾರೆ. ಹಾಡಿದರೆ ಬಿಡುವುದಿಲ್ಲ. ಹಾಡೇ ಅನ್ನ. ಹಾಗಾಗಿ ಈಗ ಬರೀ ಬೇಡುವುದು.

ಅವಳನ್ನು ನೋಡುತ್ತಿದ್ದಂತೆ ಹೊಳೆಯಿತು. ಬಜಾರಿನಲ್ಲಿ ನಡೆಯಲು ಇವಳಿಗೆ ಅಂಜಿಕೆಯಿಲ್ಲ. ಜನಾನಾ ಬಾಗಿಲಲ್ಲಿ ಇವಳನ್ನು ತಡೆಯುವವರಿಲ್ಲ. ಯಾರ ಮನೆಯ ಒಳಗೆ ತೊಟ್ಟಿಲು ಎಲ್ಲಿದೆ ಎಂದು ಇವಳಿಗೆ ಗೊತ್ತು.

"ಗಾಡಿ ಕೂಡ ಬರ್ತೀಯೇನು? ತಿಂಗಳಾ ಪಗಾರ."

ನಕ್ಕಳು. "ಚಾಷ್ಟಿ ಮಾಡಬ್ಯಾಡ್ರಿ ಬಾಯಾರ. ನನಗ ಪಗಾರ ಯಾರ ಕೊಡ್ತಾರ? ಗಂಡಸಂತ ಕೊಡ್ತೀರೋ, ಹೆಂಗಸಂತ ಕೊಡ್ತೀರೋ?"

"ಕೆಲಸಕ್ಕ ಕೊಡ್ತೇನಿ."

ನಾನು ಕೊಟ್ಟಿದ್ದ ಜೋಳವನ್ನು ಮರಳಿ ಕೊಟ್ಟಳು. "ಹಂಗಾದ್ರ ಇದು ಬ್ಯಾಡ್ರಿ."

ಫೆಬ್ರವರಿ ೧೧, ಭಾನುವಾರ

ಮೊದಲ ದಿನ. ವಾಹೀದ ಮುಖ ಗಂಟು ಹಾಕಿಕೊಂಡೇ ಗಾಡಿ ಹೂಡಿದ. "ಬಾಯಿಸಾಬ, ಹಾಡೋದು ಮಾತ್ರ ಬ್ಯಾಡ. ಕಾನೂನ ಅದ."

"ಕರೀತೇನ್ರೀ ಚಾಚಾ, ಹಾಡಾಂಗಿಲ್ಲ," ಎಂದಳು ಈರಮ್ಮ. "ನೀವು ಕೆಮ್ಮಬ್ಯಾಡ್ರಿ, ನಾ ಹಾಡಾಂಗಿಲ್ಲ."

ವಾಹೀದ ನಗು ತಡೆಯಲಾಗದೆ ಎತ್ತಿನ ಬಾಲ ಮುರಿದ.

ಒಂದೊಂದು ಬಾಗಿಲಲ್ಲೂ ಹುಡುಗಿಯ ಹೆಸರು ಹಿಡಿದು, ಎಳೆದು ಕರೆದಳು. "ಶಾಂತಾಬಾಯೀ... ಬರ್ರವಾ..." ಬಂದರು. ಗಾಡಿ ತುಂಬಿತು.

ಫೆಬ್ರವರಿ ೨೫

ಶಾಲೆ ಬಿಟ್ಟ ಹುಡುಗಿಯರೂ ಮರಳಿದ್ದಾರೆ. ಕಿಲ್ಲೆ ಕಡೆಯ ಫಕ್ರುನ್ನಿಸಾ ಬೇಗಂ, ಮನೆಯ ನೆರಳನ್ನೂ ಹೊರಗೆ ಬಿಡದವರು, ಮಗಳನ್ನು ಕಳಿಸಿದ್ದಾರೆ. "ಈರಮ್ಮ ಬಂದ್ರ ಮಾತ್ರ" ಎಂಬ ಶರತ್ತು.

ಮಧ್ಯಾಹ್ನ ಶಾಲೆಯ ಕಟ್ಟೆಯ ಬಳಿ ನಿಂತೇ ರೊಟ್ಟಿ ತಿನ್ನುತ್ತಿದ್ದಳು. ಕೂತು ತಿನ್ನು ಎಂದೆ.

"ರೂಢಿರಿ. ಮದುವಿ ಮನ್ಯಾಗ ಗಂಡಸರ ಪಂಕ್ತ್ಯಾಗ ಕುಂತ್ರ ಎಬ್ಬಸ್ತಾರ. ಹೆಂಗಸರ ಪಂಕ್ತ್ಯಾಗ ಕುಂತ್ರ ಎಬ್ಬಸ್ತಾರ. ಅದಕ್ಕ ಮೊದಲೇ ನಿಂತ ಉಣ್ತೇನಿ. ಎಬ್ಬಸೋರಿಗೆ ತ್ರಾಸ ಇಲ್ಲ."

ಅಜ್ಜಿಯ ಸಾಲು ಹೇಳಿ ಕೇಳಿದೆ, ಹಸಿವಿಲ್ಲವೋ, ಹಸಿವ್ಯಾಕವೋ?

"ಅದು ನಮ್ಮ ಹಾಡ ಅಲ್ರಿ. ತೊಟ್ಟಿಲ ಮುಂದ ಹಸಿವಿ ಹೆಸರ ಎತ್ತಿದ್ರ ಮೊರದಾಗಿನ ಜೋಳಾನೂ ಒಳಗ ಒಯ್ತಾರ. ನಾವು ಹೊಟ್ಟಿ ತುಂಬೇದ, ಮನಿ ತುಂಬೇದ ಅಂತ ಹಾಡೋರು. ಖರೆ ಹೇಳೋರಿಗೆ ಯಾರ ಕೊಡ್ತಾರ?"

ಕವಿತೆಯ ಬಗ್ಗೆ ನಾನು ಕೇಳಿದ ವಿಮರ್ಶೆಗಳಲ್ಲಿ ಇದು ಗಟ್ಟಿಯದು.

ಪಗಾರ ಭಾಲ್ಕಿಗೆ ಹೋಗುತ್ತದೆ. ಅಕ್ತರಬೀ ಹಾಸಿಗೆ ಹಿಡಿದಿದ್ದಾಳಂತೆ. ಇವಳೊಬ್ಬಳೇ ದಿಕ್ಕು.

ಮಾರ್ಚ್ ೮, ಗುರುವಾರ. ಹತ್ತು ಗಂಟೆ

ಈರಮ್ಮನನ್ನು ಹಿಡಿದೊಯ್ದರು. ನಮ್ಮ ಓಣಿಯಲ್ಲೇ. ಆದದ್ದನ್ನು ಆದಂತೆ ಬರೆಯಬೇಕು.

ಪಕ್ಕದ ಮನೆಯ ಅನುಸೂಯಾಬಾಯಿಗೆ ಮೊಮ್ಮಗ ಹುಟ್ಟಿದ್ದಾನೆ. ಇಂದು ತೊಟ್ಟಿಲು. ಗಾಡಿ ಓಣಿಯ ತುದಿಯಲ್ಲಿ ನಿಂತು ಈರಮ್ಮ ನಡೆದು ಬಂದಾಗ ಆಕೆ ಮೊರದಲ್ಲಿ ಜೋಳ, ಬೆಲ್ಲ ಹಿಡಿದು ಬಾಗಿಲಲ್ಲಿ ನಿಂತಿದ್ದರು. ನಾನು ನನ್ನ ಕಿಟಕಿಯಲ್ಲಿದ್ದೆ. ಪ್ರತಿಯೊಂದು ಮಾತೂ ಕೇಳಿಸಿತು.

"ಒಂದ ಹಾಡ ಹಾಡಿ ಹರಸಿ ಹೋಗ, ಈರಮ್ಮಾ."

"ಒಳಗ ಬಂದು ಹಾಡ್ತೇನ್ರಿ ಅವ್ವಾ. ಬೀದ್ಯಾಗ ಬ್ಯಾಡ."

"ಒಳಗ ಹಾಡಿದ್ರ ಏನ ಫಲ? ಹೊಸ್ತಿಲಾ ಹೊರಗ ನಿಂತು ಹಾಡಬೇಕು, ಉಡಿಗೆ ಜೋಳ ಬಿದ್ದ ಮ್ಯಾಲ ಕೂಸಿನ ಮಾರಿ ನೋಡಬೇಕು. ನಮ್ಮ ಅತ್ತಿ ಹಂಗೇ ಮಾಡಸ್ತಿದ್ರು. ನನ್ನ ಮೊಮ್ಮಗಗ ಕಡಿಮಿ ಮಾಡ್ತೀಯೇನು?"

ಪದ್ಧತಿ ಹಾಗೇ ಇದೆ, ನಿಜ. ಈರಮ್ಮ ಓಣಿಯ ಎರಡೂ ತುದಿ ನೋಡಿದಳು. ಕೂಸಿಗೆ ಕಡಿಮೆ ಮಾಡಿದಳು ಎಂಬ ಮಾತು ಅವಳಿಗೆ ತಾಳದು. ಉಡಿ ಹಿಡಿದು, ಕಣ್ಣು ಮುಚ್ಚಿ, ಸಣ್ಣ ದನಿಯಲ್ಲಿ ಎರಡೇ ನುಡಿ ಹಾಡಿದಳು. ತಿರುವಿನಲ್ಲಿ ಪೊಲೀಸ್ ಜವಾನನೊಬ್ಬ ಬೀಡಿ ಸೇದುತ್ತಿದ್ದ.

ಉಡಿಯ ಜೋಳ ಬೀದಿಯಲ್ಲಿ ಚೆಲ್ಲಿದೆ. ಗಾಡಿಯೊಳಗೆ ಹುಡುಗಿಯರು ಅಳುತ್ತಿದ್ದರು. ನಾನು ಮೆಟ್ಟಿಲು ಇಳಿಯುವಷ್ಟರಲ್ಲಿ ಅನುಸೂಯಾಬಾಯಿ ಬಾಗಿಲು ಹಾಕಿಕೊಂಡಿದ್ದರು.

ಅದೇ ದಿನ, ಸಂಜೆ

ಠಾಣೆಗೆ ಹೋಗಿದ್ದೆ. ಠಾಣೆಯ ಮುಖ್ಯಸ್ಥರಾದ ಅಮೀನರು ಕುರ್ಚಿ ಹಾಕಿಸಿದರು, ಚಹಾ ತರಿಸಿದರು. ಸಿಟ್ಟು ಮಾಡಲೂ ಬಿಡದ ಮರ್ಯಾದೆ.

"ಬಾಯಿಸಾಹೇಬ, ನನ್ನ ಮಗಳ ತೊಟ್ಟಿಲಿಗೂ ಈಕೀನೇ ಹಾಡ್ಯಾಳ. ಏನ ಮಾಡ್ಲಿ, ಸೀರಿ ಉಟ್ಟು ಬೀದ್ಯಾಗ ಹಾಡಿದ್ದು ಜವಾನ ನೋಡ್ಯಾನ."

ಎರಡು ಶರತ್ತು. ಯಾರಾದರೂ ಗಂಡಸು, ಅದೂ ರಕ್ತಸಂಬಂಧಿ, ಜಾಮೀನು ನಿಲ್ಲಬೇಕು. ಮುಂದೆ ಧೋತರ, ಅಂಗಿ, ರುಮಾಲು. ಕೂದಲು ತೆಗೆಸಬೇಕು.

"ಗಂಡಸಿನ ಉಡುಪಿನಲ್ಲಿ ಜನಾನಾ ಬಾಗಿಲಿಗೆ ಹ್ಯಾಂಗ ಹೋಗ್ಲಿಕ್ಕೆ ಆಗ್ತದ?"

"ಹೋಗಬಾರ್ದು. ಗಂಡಸು ಯಾಕ ಜನಾನಾ ಬಾಗಿಲಿಗೆ ಹೋಗಬೇಕು?"

ಚಹಾ ಮುಟ್ಟದೆ ಬಂದೆ. ಹೆಣ್ಣಿನ ಉಡುಪಿನಲ್ಲಿ ಅಪರಾಧಿ, ಗಂಡಿನ ಉಡುಪಿನಲ್ಲಿ ಕೆಲಸವಿಲ್ಲ. ಇದನ್ನು ನಿಯಮ ಎನ್ನುತ್ತಾರೆ.

ಮಾರ್ಚ್ ೯, ಶುಕ್ರವಾರ

ಹಾಡಿಸಿದವರೇ ಬಂದು ಹೇಳಿದರೆ ಅಮೀನರು ಮೆತ್ತಗಾಗಬಹುದೆಂದು ಅನುಸೂಯಾಬಾಯಿಯ ಬಳಿ ಹೋದೆ. ತೊಟ್ಟಿಲ ಹಗ್ಗ ಹಿಡಿದು ಕೂತಿದ್ದರು. ನನ್ನ ಮುಖ ನೋಡಲಿಲ್ಲ.

"ನಾ ಎಲ್ಲಿ ಹಾಡು ಅಂದೆ? ತಾನೇ ಬಂದು ಹಾಡಿದ್ಳು."

"ಅನುಸೂಯಾಬಾಯಿ, ನಾನು ಕಿಟಕ್ಯಾಗ ಇದ್ದೆ."

"ಹಸಿ ಬಾಣಂತಿ ಮನಿರಿ ನಮ್ಮದು. ಮಗ ಕಚೇರ್ಯಾಗ ಇದ್ದಾನ. ಠಾಣೆ ಮೆಟ್ಟಲಾ ಹತ್ತಂತೀರೇನು?"

ಈರಮ್ಮ ಒಳ್ಳೆಯವಳೆಂದು ಬರೆದುಕೊಡಿ ಎಂದು ಕೇಳಲು ಫಕ್ರುನ್ನಿಸಾ ಬೇಗಂ ಅವರ ಮನೆಗೂ ಹೋದೆ. ಜನಾನಾದಲ್ಲಿ ಕೂತಿದ್ದ ಅವರು ನಿಟ್ಟುಸಿರು ಬಿಟ್ಟರು. "ಒಳ್ಳೆಯವಳು ಅಂತ ನಾ ಹ್ಯಾಂಗ ಹೇಳ್ಲಿ? ನಮ್ಮ ಜನಾನಾದಾಗ ಬರ್ತಿದ್ಳು ಅಂತ ಒಪ್ಪಿಕೊಂಡಂಗ. ಹಂಗಾದ್ರ ಗಂಡೋ ಹೆಣ್ಣೋ ಅಂತ ನಮ್ಮ ಮನ್ಯಾವರು ಈಗ ಕೇಳ್ತಾರ."

ಇಷ್ಟು ವರ್ಷ ಯಾರೂ ಕೇಳಿರಲಿಲ್ಲ. ಕೇಳದೆ ಇರುವುದೇ ಅವಳ ಬದುಕಾಗಿತ್ತು.

ಮಾರ್ಚ್ ೧೦, ಶನಿವಾರ. ಭಾಲ್ಕಿ

ರೈಲಿನಲ್ಲಿ ಬಂದೆ. ಅಕ್ತರಬೀಯ ಖೋಲಿ ಕೋಟೆಗೋಡೆಗೆ ಆತುಕೊಂಡಿದೆ. ಕಂಬಳಿ ಹೊದ್ದ ಪುಟ್ಟ ಜೀವ. ಸುದ್ದಿ ಹೇಳಿದೆ. ಅವಳು ಮೊದಲು ಕೇಳಿದ್ದು:

"ಕೂದಲಾ ತೆಗದ್ರೇನು?"

"ಇನ್ನೂ ಇಲ್ಲ."

"ಮೊದಲೆಲ್ಲಾ ಸುಗ್ಗ್ಯಾಗ ಕಣಕ್ಕ ಹೋದ್ರ ಕರದು ಕೊಡ್ತಿದ್ರು ಬೇಟಾ. ನಮ್ಮ ಪಾಲು ಅಂತ ಬ್ಯಾರೇನೇ ರಾಶಿ ಇಡ್ತಿದ್ರು. ಕಾನೂನ ಬಂತು, ಕಣಾ ಬಂದ್ ಆತು. ನಾವು ಮಾತ್ರ ಬಂದ್ ಆಗ್ಲಿಲ್ಲ, ನೋಡು." ನಗಲು ಹೋಗಿ ಕೆಮ್ಮಿದಳು. "ಆಕೀಗೆ ತಮ್ಮ ಇದ್ದಾನ. ಸಂತಪುರದಾಗ. ಹಾವಗೆಪ್ಪ."

ತಂದಿದ್ದ ರೊಟ್ಟಿ ಬಿಚ್ಚಿದೆ. ತುತ್ತು ಮುಟ್ಟುವ ಮೊದಲು ನನ್ನ ತಲೆಯ ಮೇಲೆ ಕೈಯಿಟ್ಟು ಹರಸಿದಳು. ಆಮೇಲೆ ಗಬಗಬನೆ ಉಂಡದ್ದನ್ನು ನೋಡಲಾಗಲಿಲ್ಲ. ಅಜ್ಜಿ ಹಾಡಿದ್ದು ಜಗಳದ ಸಾಲನ್ನೇ, "ಹಸಿವ್ಯಾಕ" ಎಂದೇ. ಇಷ್ಟು ದಿನ ತಲೆ ತಿಂದ ಗೊಂದಲ ಹೋಯಿತು. ಸಂತೋಷವೇನೂ ಇಲ್ಲ.

ಮಾರ್ಚ್ ೧೩, ಮಂಗಳವಾರ. ಔರಾದ

ಬಸ್ಸು ಸಿಗುವವರೆಗೆ ಧರ್ಮಶಾಲೆಯಲ್ಲಿ. ಸಂತಪುರದಿಂದ ಬರಿಗೈಯಲ್ಲಿ ಬಂದಿದ್ದೇನೆ.

ಹಾವಗೆಪ್ಪ ಕೆಟ್ಟವನಲ್ಲ. ಅದೇ ಹೆಚ್ಚು ಸಿಟ್ಟು ತರಿಸುತ್ತದೆ. ಕಾಲಿಗೆ ನೀರು ಕೊಟ್ಟ, ಮಜ್ಜಿಗೆ ಕೊಟ್ಟ. ಹಣೆಯಲ್ಲಿ ಅಗಲವಾದ ವಿಭೂತಿ. ಮೂಗು ಥೇಟ್ ಈರಮ್ಮನದೇ.

"ಅಣ್ಣ ಇದ್ದ್ರಿ. ಹೋದ."

"ಎಲ್ಲಿಗೆ?"

"ಹೋದ ಅಂದ್ರ ಹೋದ್ರಿ. ಅವ್ವ ಅವನ ಹೆಸರಲೇ ಅತ್ತು ಸ್ನಾನ ಮಾಡಿಬಿಟ್ಳು."

"ಜೀವಂತ ಇದ್ದಾನಲ್ಲ. ಜಾಮೀನಿಗೆ ಒಂದ ಸಹಿ ಬೇಕು."

ನೆಲ ನೋಡಿದ. "ಅಣ್ಣ ಅಂತ ಸಹಿ ಹಾಕಿದ್ರ ಅಣ್ಣ ಇದ್ದಾನಂತ ಆಗ್ತದ. ನಾಳಿ ಹೊಲದಾಗ ಪಾಲ ಕೇಳಿದ್ರ? ಮಡ್ಡಿ ಹೊಲರಿ ನಮ್ಮದು. ನನ್ನ ಮಕ್ಕಳಿಗೇ ಸಾಲಾಂಗಿಲ್ಲ."

"ಹಂಗಾದ್ರ ಅಕ್ಕ ಅಂತ ಹಾಕು."

"ಊರ ನಗತದ್ರಿ."

ಅಂಗಳದಲ್ಲಿ ಅವನ ಹೆಂಡತಿ ಕೇಳಿದಳು, "ಈಗೂ ಹಾಡ್ತಾರೇನ್ರಿ ಅವ್ರು? ನಮ್ಮ ಮದುವ್ಯಾಗ ದೂರ ನಿಂತು ಹಾಡಿ ಹೋಗಿದ್ರು." ಹಾವಗೆಪ್ಪ ಅವಳನ್ನು ಒಳಗೆ ಹೋಗೆಂದ. ಗಂಡಸು ಎಂದರೆ ಪಾಲು ಕೊಡಬೇಕು, ಹೆಂಗಸು ಎಂದರೆ ನಾಚಿಕೆ. ಸತ್ತರೇ ಎಲ್ಲರಿಗೂ ಅನುಕೂಲ. ಕನ್ನಡ, ಇಂಗ್ಲಿಷು, ಸಂಸ್ಕೃತ... ಇಷ್ಟು ಓದಿದ್ದೇನೆ. ಆ ಅಂಗಳದಲ್ಲಿ ಮಜ್ಜಿಗೆಯ ಲೋಟ ತೊಳೆದಿಟ್ಟು ಎದ್ದು ಬಂದೆ.

ಮಾರ್ಚ್ ೧೭, ಶನಿವಾರ

ಬಿಟ್ಟರು. ಬಿಡಿಸಿದ್ದು ನಾನಲ್ಲ. ಮರಳಿ ಬಂದು ಠಾಣೆಗೆ ಬರೆದುಕೊಟ್ಟ ನನ್ನ ಇಂಗ್ಲಿಷ್ ಅರ್ಜಿಯೂ ಅಲ್ಲ. ವಾಹೀದ ಠಾಣೆಗೆ ಹೋಗಿ ತಾನು ಅವಳ ಚಾಚಾ, ಅಂದರೆ ಚಿಕ್ಕಪ್ಪ, ಎಂದು ಜಾಮೀನು ನಿಂತ. "ಈರಪ್ಪಗ ನೀ ಹ್ಯಾಂಗ ಚಾಚಾ?" ಎಂದು ಅಮೀನರು ಕೇಳಿದರಂತೆ. "ದಿನಾ ಹಂಗೇ ಕರೀತಾಳ್ರಿ ಹುಜೂರ್" ಎಂದನಂತೆ. ಅವರಿಗೂ ಸಾಕಾಗಿತ್ತೇನೋ, ಬರೆದುಕೊಂಡರು.

ಸಂಜೆ ಹಿತ್ತಲ ಬಾಗಿಲಿಗೆ ಬಂದಳು. ಬೋಳಿಸಿದ ತಲೆಗೆ ವಾಹೀದನ ರುಮಾಲು. ಕಿವಿಯ ತೂತುಗಳು ಖಾಲಿ. ಧೋತರದ ಕಚ್ಚೆ ಕಟ್ಟಲು ಬಾರದೆ ಸುಮ್ಮನೆ ಸುತ್ತಿಕೊಂಡಿದ್ದಳು. ಕೈ ಮತ್ತೆಮತ್ತೆ ಹೆಗಲಿಗೆ ಹೋಗುತ್ತಿತ್ತು, ಇಲ್ಲದ ಸೆರಗು ಎಳೆಯಲು.

"ನಾಳೆ ಗಾಡಿಗೆ ಬಾ," ಎಂದೆ.

"ಹಿಂಗ ನಿಂತು ಕರದ್ರ ಯಾರ ಬಾಗಲಾ ತಗೀತಾರ್ರಿ?"

"ದನಿ ಅದೇ ಇದೆಯಲ್ಲ. ದಿನಾ ಕೇಳಿದ ದನಿ. ಗುರುತು ಹಿಡೀತಾರ."

"ನೀವು ಹಿಡೀತೀರಿ."

"ಎಲ್ಲರೂ ಹಿಡೀತಾರ. ನಮ್ಮ ಓಣಿಯಿಂದಲೇ ಶುರು ಮಾಡು. ಇಲ್ಲಿ ಎಲ್ಲರೂ ನಿನ್ನವರು."

ನನ್ನನ್ನು ಹೇಗೆ ನೋಡಿದಳೆಂದರೆ... ಬೇಡ. ಬರುತ್ತೇನೆ ಎಂದಳು. ಅಕ್ತರಬೀಯ ಔಷಧ ಮುಗಿದಿದೆಯಂತೆ.

ಮಾರ್ಚ್ ೧೮, ಭಾನುವಾರ. ಬೆಳಿಗ್ಗೆ

ಬೇಗ ಎದ್ದೆ. ಕಿಟಕಿಯ ಬಳಿ ಕೂತು ಬರೆಯುತ್ತಿದ್ದೇನೆ. ಗಾಡಿಯ ಗೆಜ್ಜೆ ಕೇಳಿಸಿತು. ಓಣಿಯ ತುದಿಯಲ್ಲಿ ನಿಂತಿತು. ಗಾಡಿ ಇಕ್ಕಟ್ಟಿನಲ್ಲಿ ಬರುವುದಿಲ್ಲ, ಅವಳೇ ನಡೆದು ಬರಬೇಕು.

ದನಿ ಬಂತು. "ಶಾಂತಾಬಾಯೀ... ಬರ್ರವಾ..." ಅದೇ ಎಳೆತ. ಸ್ವಲ್ಪ ಒಡೆದಿದೆ, ಆದರೂ ಅದೇ. ನನ್ನ ಮಾತು ನಿಜವಾಯಿತು.

ಬಾಗಿಲು ತೆರೆದ ಸದ್ದಿಲ್ಲ. ಮತ್ತೆ ಕರೆದಳು. "ವಿಮಲಾಬಾಯೀ..." ಎದುರುಮನೆಯವರು ಒಳಗಿನಿಂದ ಅಗಳಿ ಹಾಕಿದರು.

ನನ್ನ ಬಾಗಿಲು ಯಾರೋ ಬಡಿಯುತ್ತಿದ್ದಾರೆ. ಜೋರಾಗಿ. ತೆಗೆದು ಬಂದೆ. ಅನುಸೂಯಾಬಾಯಿ. ಮೊಮ್ಮಗನನ್ನು ಸೆರಗಿನಲ್ಲಿ ಮುಚ್ಚಿ ಅವಚಿಕೊಂಡು, ಏದುಸಿರು ಬಿಡುತ್ತ ಇನ್ನೂ ಹೊಸ್ತಿಲ ಮೇಲೆ ನಿಂತಿದ್ದಾರೆ. ಹೇಳಿದ್ದು ಇಷ್ಟು:

"ಬಾಯಾರ, ಓಣ್ಯಾಗ ಯಾವನೋ ಗಂಡಸು ನಿಂತಾನ್ರಿ, ನಮ್ಮ ಹೆಣ್ಣುಮಕ್ಕಳ ಹೆಸರ ಹಿಡದು ಕರೀಲಿಕತ್ತಾನ. ಯಾರಂದ್ರ ನಿಮ್ಮ ಹೆಸರ ಹೇಳ್ತಾನ... ಠಾಣೆಗೆ ಹೇಳಿ ಕಳಸಲೇನ್ರಿ?"